ಹರಿದಿದ್ದ ಜಾಗ

ಆ ಗುಮಾಸ್ತನ ಅಂಗಿಯ ಮೊಣಕೈಗೆ ಯಾರೋ ಹಾಕಿದ ಹೊಲಿಗೆ, ಎಂಥ ಹೊಲಿಗೆ ಅದು, ಕಂದು ಬಟ್ಟೆಗೆ ಕಪ್ಪು ದಾರ, ಗಾಯಕ್ಕೆ ಇರುವೆ ಮುತ್ತಿದ ಹಾಗೆ, ಹೆಂಡತಿ ಸಿಟ್ಟಿನಲ್ಲಿ ಹಾಕಿಕೊಟ್ಟಿರಬೇಕು, ಇಲ್ಲವೇ ತೊಟ್ಟುಕೊಂಡೇ ಹೊಲಿದುಕೊಂಡಿದ್ದಾನೆ ಮಹಾರಾಯ — ಮುಂದಿನ ಕೇಸು ಕೂಗಲು ಅವನು ಕೈ ಎತ್ತಿದಾಗಲೆಲ್ಲ ಇರುವೆಗಳ ಸಾಲು ಮುರಿಯುತ್ತದೆ, ಇಳಿಸಿದರೆ ಮತ್ತೆ ಸೇರುತ್ತದೆ, ತನ್ನ ಅಂಗಡಿಗೆ ತಂದಿದ್ದರೆ ಒಂದು ಲೋಟ ಟೀ ಆರುವಷ್ಟರಲ್ಲಿ ಗುರುತೇ ಸಿಗದ ಹಾಗೆ ಮಾಡಿಕೊಡುತ್ತಿದ್ದಳು, ಗುರುತೇ ಸಿಗದ ಹಾಗೆ, ಎಂದುಕೊಂಡ ಕೂಡಲೇ ತೊಡೆಯ ಮೇಲಿನ ಚೀಲ ಕಲ್ಲಿನಷ್ಟು ಭಾರವಾಯಿತು, ಅದರ ಬಾಯಿಯನ್ನು ಇನ್ನೊಂದು ಸುತ್ತು ತಿರುಚಿ ಹಿಡಿದುಕೊಂಡಳು. ಚೀಲದೊಳಗೆ ತಂಗಿಯ ಕೋಟು. ಬೂದುಬಣ್ಣದ ಉಣ್ಣೆಯ ಕೋಟು, ತಂಗಿ ಮೊದಲ ಸಂಬಳದಲ್ಲಿ ಕೊಂಡದ್ದು, ಹೊಸದರಲ್ಲಿ ಕನ್ನಡಿಯ ಮುಂದೆ ತಿರುಗಿ ತಿರುಗಿ, ಅಕ್ಕ ಹಿಂದೆಯಿಂದ ಹೇಗೆ ಕಾಣ್ತೀನೇ, ಹಿಂದೆಯಿಂದ ಹೆಡ್‌ಮಿಸ್ಸು, ಮುಂದೆಯಿಂದ ನೀನೇ, ಎಂದು ನಕ್ಕಿದ್ದರು. ಈಗ ಅದೇ ತಂಗಿ ಪಕ್ಕದಲ್ಲಿ ಎರಡು ಕೈಯನ್ನೂ ಮೊಣಕಾಲ ನಡುವೆ ಸಿಕ್ಕಿಸಿಕೊಂಡು ಕೂತಿದ್ದಾಳೆ, ಬೆಳಿಗ್ಗೆ ಬಸ್ಸಿನಲ್ಲಿ ಆಡಿದ್ದು ಒಂದೇ ಮಾತು, ಕಿಟಕಿಯ ಕಡೆ ಮುಖ ಮಾಡಿಕೊಂಡು, ಇವತ್ತೂ ಮುಂದಕ್ಕೆ ಹಾಕಿದ್ರೆ ಸಾಕಕ್ಕ, ನಾನು ವಾಪಸ್ ಅವರ ಮನೆಗೇ ಹೋಗ್ತೀನಿ, ಹೊಡೆತ ಬೇಕಾದ್ರೆ ತಿಂತೀನಿ, ಸುಳ್ಳಿ ಅನ್ನಿಸ್ಕೊಂಡು ಬದುಕಕ್ಕಾಗಲ್ಲ. ಹಾಗನ್ನಬೇಡ್ವೇ ಎನ್ನಬೇಕಿತ್ತು, ಚಿಲ್ಲರೆ ಇದೆಯಾ ನಿನ್ನ ಹತ್ರ, ಎಂದಳು, ಅಂಥ ಹೊತ್ತಿನಲ್ಲಿ ಚಿಲ್ಲರೆ ಕೇಳುವ ಅಕ್ಕ ಬೇರೆ ಯಾರಿಗಿದ್ದಾಳೆ.

ಫ್ಯಾನು ತಿರುಗುತ್ತದೆ, ಗಾಳಿ ಎಲ್ಲಿಗೆ ಹೋಗುತ್ತದೋ, ಇವರ ಬೆಂಚಿಗಂತೂ ಬರುವುದಿಲ್ಲ. ಆ ಮಧ್ಯಾಹ್ನ ಅಂಗಡಿಯಲ್ಲಿ ಫ್ಯಾನೂ ಇಲ್ಲ ದೀಪವೂ ಇಲ್ಲ, ಕರೆಂಟು ಹೋಗಿತ್ತು, ಅವಳು ಬಾಗಿಲ ಬೆಳಕಿಗೆ ಯಾರದೋ ಪ್ಯಾಂಟು ಹಿಡಿದುಕೊಂಡಿದ್ದಳು, ಬೆಳಕಿಗೆ ಅಡ್ಡವಾಗಿ ಯಾರೋ ನಿಂತರು, ಪಕ್ಕಕ್ಕೆ ಸರೀರಮ್ಮ ಕಾಣಲ್ಲ, ಎಂದು ತಲೆ ಎತ್ತಿದರೆ ತಂಗಿ, ಗಿರಾಕಿಯ ಹಾಗೆ ನಿಂತಿದ್ದಾಳೆ, ಬಲಗೈಯಿಂದ ಎಡತೋಳನ್ನು ಒತ್ತಿ ಹಿಡಿದು, ಕೈ ತೆಗೆದಾಗ ಕೋಟಿನ ತೋಳು ಕೆಳಕ್ಕೂ ಅಡ್ಡಕ್ಕೂ ಮೂಲೆಯಾಗಿ ಸೀಳಿ ಬಾಯಿ ಬಿಟ್ಟಿತ್ತು, ಒಳಗಿನ ಲೈನಿಂಗೂ ಸೀಳಿ, ಅದರೊಳಗಿಂದ ತೋಳು ಕಾಣುತ್ತಿತ್ತು, ನೀಲಿಯಾಗಿ, ನೀಲಿಯ ಅಂಚಿನಲ್ಲಿ ಹಳದಿಯಾಗಿ. ಓಡಿಬರುವಾಗ ಗಂಡ ಹಿಂದಿನಿಂದ ಕೋಟು ಹಿಡಿದೆಳೆದು, ಬಾಗಿಲು ದೂಡಿ, ತೋಳು ಚಿಲಕಕ್ಕೆ ಸಿಕ್ಕಿ. ನೀಲಿ ಆವತ್ತಿನದು, ಹಳದಿ ಹಿಂದಿನ ವಾರದ್ದು. ಹಳದಿಯಾಗಿರೋದಕ್ಕೆ ಅವರೇ ಮುಲಾಮು ಹಚ್ಚಿದ್ರಕ್ಕ, ಎಂದಳು ತಂಗಿ, ಅದು ಅವಳಿಗೇ ವಿಚಿತ್ರವಾಗಿ ಕೇಳಿಸಿರಬೇಕು, ಅರ್ಧಕ್ಕೆ ನಿಲ್ಲಿಸಿದಳು. ಔಷಧಿ ಅಂಗಡಿಯವನಲ್ಲವೇ, ಹೊಡೆದವನೇ ಮುಲಾಮು ಹಚ್ಚಿ, ಊದಿ, ಹತ್ತಿ ಇಟ್ಟು, ನೋಡು ನಾಳೆ ಗುರುತೂ ಇರಲ್ಲ ಅನ್ನುತ್ತಿದ್ದನಂತೆ, ಆಸ್ಪತ್ರೆಗೆ ಯಾಕೆ, ಮನೇಲೇ ಅಂಗಡಿ ಇದೆಯಲ್ಲ. ಅದಕ್ಕೇ ಎಷ್ಟೋ ವರ್ಷದ ಹೊಡೆತಕ್ಕೆ ಒಂದು ಚೀಟಿಯೂ ಇಲ್ಲ. ಕೊನೆಯ ಸಲದ್ದಕ್ಕೆ ಡಾಕ್ಟರು ಸಣ್ಣ ಬಾವು ಅಂತ ಗೀಚಿದ್ದಾರೆ, ಬಾವು ಬಿದ್ದರೂ ಬರುತ್ತದೆ, ಅವನು ಹೇಳುವುದೂ ಅದನ್ನೇ, ಮೆಟ್ಟಿಲಲ್ಲಿ ಜಾರಿದಳು ಸರ್, ನಾನು ಕೈ ಮುಟ್ಟೇ ಇಲ್ಲ. ಉಳಿದದ್ದು ಕೋಟು. ಬಿದ್ದರೆ ಕೋಟು ಹಾಗೆ ಹರಿಯುವುದಿಲ್ಲ, ಒಬ್ಬರು ಎಳೆಯಬೇಕು, ಇನ್ನೊಬ್ಬರು ಓಡಬೇಕು.

ಬರ್ತೀವಿ ಸಾಹೇಬ. ಹೆಸರಿಟ್ಟದ್ದು ತಂಗಿ, ಇನ್ನೂ ಅವಳಿಗೆ ನಗು ಬರುತ್ತಿದ್ದ ಕಾಲದಲ್ಲಿ. ಠಾಣೆಯಲ್ಲಿ ದೂರು ಬರೆದುಕೊಂಡವರು ಬೇರೆ, ತನಿಖೆ ಮಾಡಬೇಕಾದವರು ಇವರು, ದೊಡ್ಡ ದೇಹ, ಮೆತ್ತನೆಯ ದನಿ, ಕೆಟ್ಟವರೇನಲ್ಲ, ಕೂತ್ಕೊಳ್ಳಿ ತಾಯಿ ಅನ್ನುತ್ತಿದ್ದರು, ಕೂರಿಸಿ ಮರೆಯುತ್ತಿದ್ದರು. ಕೋಟು ತಂದಿದ್ದೀವಿ ಸಾಹೇಬ್ರೆ ಎಂದು ಮೇಜಿನ ಮೇಲಿಟ್ಟರೆ, ಹಾಗೆಲ್ಲ ತಗೊಳ್ಳೋ ಹಾಗಿಲ್ಲ ಕಣಮ್ಮ, ಅದಕ್ಕೆ ಇಬ್ಬರು ಸಾಕ್ಷಿ ಬೇಕು, ಮನೇಲಿ ಹಾಗೇ ಇಟ್ಟಿರಿ, ನಾವೇ ಬರ್ತೀವಿ. ಮನೆಗೆ ಬಂದು ಹಾಗೇ ಇಟ್ಟರು, ಬಾಗಿಲ ಹಿಂದಿನ ಮೊಳೆಗೆ. ಬರಲಿಲ್ಲ. ಹೋಗಿ ಕೇಳಿದರೆ, ಬಂದೋಬಸ್ತು ಇತ್ತು, ಬರ್ತೀವಿ. ಮತ್ತೆ ಹೋದರೆ ಜೀಪು ಕೆಟ್ಟಿತ್ತು, ಮತ್ತೆ ಹೋದರೆ ರಜಾ, ಮತ್ತೊಂದು ಸಲ ಅವರೇ ಉಪದೇಶ ಶುರು ಮಾಡಿದರು, ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಅಂತಾರೆ, ನೋಡಿ ಯೋಚನೆ ಮಾಡಿ. ಅವಳಿಗೆ ತಡೆಯಲಾಗಲಿಲ್ಲ, ಉಣ್ಣಕ್ಕೂ ಬಿಡಲ್ಲ ಮಲಗಕ್ಕೂ ಬಿಡಲ್ಲ ಸಾಹೇಬ್ರೆ ಅವನು, ಇನ್ಯಾವಾಗ ಮುಗಿಯೋದು, ಎಂದಳು, ಸಾಹೇಬರು ತಂಗಿಯ ಕಡೆ ನೋಡಿ ನಕ್ಕರು, ನಿಮ್ಮಕ್ಕನ ಬಾಯಿ ಜೋರು. ಚಳಿ ಹೋಯಿತು, ಬಿಸಿಲು ಬಂತು, ಕೋಟು ಮೊಳೆಯಲ್ಲೇ, ಬಾಗಿಲು ಹಾಕಿದಾಗಲೆಲ್ಲ ಅದು ತೂಗಾಡಿ ಗೋಡೆಗೆ ತಾಗುತ್ತಿತ್ತು, ತಾಗಿದಾಗಲೆಲ್ಲ ತಂಗಿ ಬೆಚ್ಚುತ್ತಿದ್ದಳು, ಒಲೆಯ ಮುಂದೆ ಇದ್ದರೆ ಸೌಟು ಬೀಳಿಸುತ್ತಿದ್ದಳು, ಕೊನೆಗೊಂದು ದಿನ, ಅದನ್ನ ನನ್ನ ಕಣ್ಮುಂದಿಂದ ತೆಗಿಯೇ ಅಕ್ಕ, ಕೈ ಮುಗೀತೀನಿ, ಅದರ ಬಾಯಿ ನೋಡಕ್ಕಾಗ್ತಿಲ್ಲ. ಅದಕ್ಕೆ ಅಂಗಡಿಗೆ ಒಯ್ದಳು. ಅದೇ ತಪ್ಪು. ಕುರಿ ಕಾಯಕ್ಕೆ ತೋಳನ ಕೈಗೆ ಕೊಟ್ಟ ಹಾಗೆ, ಹರಿದ ಕೋಟನ್ನು ರಫು ಹಾಕುವವಳ ಕೈಗೆ ಕೊಟ್ಟದ್ದು.

ರಫು ಅಂದರೆ ತೇಪೆ ಅಲ್ಲ, ಹೊಲಿಗೆಯೂ ಅಲ್ಲ, ಗಿರಾಕಿಗಳಿಗೆ ದಿನಾ ಹೇಳಿ ಬಾಯಿ ನೋಯುತ್ತದೆ, ಅದೇ ಬಟ್ಟೆಯ ಅಂಚಿನ ಮಡಿಕೆಯೊಳಗಿಂದ ಎಳೆ ಬಿಡಿಸಿಕೊಂಡು, ಹರಿದ ಕಡೆ ಒಂದು ಎಳೆ ಮೇಲೆ ಒಂದು ಎಳೆ ಕೆಳಗೆ, ನೇಯುವುದು, ಬಟ್ಟೆಗೇ ತಾನು ಹರಿದದ್ದು ಮರೆತುಹೋಗಬೇಕು. ಅಪ್ಪನ ಮಾತು ಅದು. ಅಪ್ಪ ಮುಗಿಸಿದ ಬಟ್ಟೆಯನ್ನು ಗಿರಾಕಿಯ ಮುಂದೆ ಹಾಸಿ, ಹುಡುಕಿ ಸ್ವಾಮಿ, ಸಿಕ್ಕಿದ್ರೆ ಕೂಲಿ ಬೇಡ, ಅನ್ನುತ್ತಿದ್ದ, ಸಿಕ್ಕಿದ್ದು ಅವಳಿಗೆ ನೆನಪಿಲ್ಲ, ಅಮ್ಮ ಒಳಗಿಂದ, ಯಾವತ್ತೋ ಒಂದಿನ ಸಿಕ್ಕಿ ಮನೆ ಮಂದಿಯೆಲ್ಲ ಉಪವಾಸ, ಎಂದು ಗೊಣಗುತ್ತಿದ್ದಳು. ಆ ದಿನ ಗಿರಾಕಿ ಇರಲಿಲ್ಲ, ಕೋಟು ಬೆಂಚಿನ ಮೇಲೆ ಮಡಿಸಿಟ್ಟದ್ದು ಜಾರಿ ಬಿಚ್ಚಿಕೊಂಡಿತು, ಆ ಬಾಯಿ ಕಂಡಿತು, ಅಂಚು ಸಿಕ್ಕುಗಟ್ಟುತ್ತಿದೆ, ಇನ್ನಷ್ಟು ದಿನ ಬಿಟ್ಟರೆ ಎಳೆ ಉದುರಿ ಕೈಗೆ ಹತ್ತುವುದಿಲ್ಲ, ಅಂಚಷ್ಟೇ ಸರಿಮಾಡೋಣ ಅಂದುಕೊಂಡಳು, ಅಷ್ಟೇ ಅಂದುಕೊಂಡದ್ದು, ಸೂಜಿ ಎಲ್ಲಿಂದ ಬಂತೋ, ರೇಡಿಯೊದಲ್ಲಿ ಯಾರೋ ಹವಾಮಾನ ಹೇಳುತ್ತಿದ್ದರು, ಮೇಲೊಂದು ಕೆಳಗೊಂದು, ಸೂಜಿ ಹೋಗುವಾಗ ಅವಳ ಮನಸ್ಸಿನಲ್ಲಿ ಇದ್ದದ್ದು ಕೋಟಲ್ಲ, ಆ ತೋಳು, ಆ ನೀಲಿ, ಮುಚ್ಚು ಮುಚ್ಚು ಎಂದು ಬೆರಳಿಗೆ ಯಾರೋ ಹೇಳುತ್ತಿದ್ದ ಹಾಗೆ, ತಂಗಿ ಚಿಕ್ಕವಳಿದ್ದಾಗ ಜ್ವರ ಬಂದರೆ ಹೊದಿಕೆಯ ಸಂದಿಯೊಳಗೆ ಗಾಳಿ ಹೋಗದ ಹಾಗೆ ಸಿಕ್ಕಿಸುತ್ತಿದ್ದಳಲ್ಲ ಅದೇ ಕೈ, ಲೈನಿಂಗನ್ನೂ ಬಿಡಲಿಲ್ಲ, ಇಸ್ತ್ರಿಯನ್ನೂ ಒತ್ತಿದಳು, ಆವಿ ಎದ್ದಿತು, ತೋಳನ್ನು ಬೆಳಕಿಗೆ ಹಿಡಿದಳು, ಎಲ್ಲಿ, ಇಲ್ಲ, ಅಪ್ಪ ಇದ್ದಿದ್ದರೆ ಮೆಚ್ಚುತ್ತಿದ್ದ, ಎಂಥಾ ಕೆಲಸ, ಎಂದು ಒಂದು ಗಳಿಗೆ, ದೇವರೇ, ಒಂದು ಗಳಿಗೆ ಹೆಮ್ಮೆಪಟ್ಟಳು. ಆಮೇಲೆ ನೆನಪಾಯಿತು, ಹಾಗೇ ಇಟ್ಟಿರಿ ಅಂದಿದ್ದರು.

ಹೇಳಬೇಕಿತ್ತು. ಆ ಸಂಜೆಯೇ ಹೇಳಬೇಕೆಂದು ಹೋದಳು, ತಂಗಿ ಅಪರೂಪಕ್ಕೆ ತಲೆ ಬಾಚಿಕೊಂಡಿದ್ದಳು, ನಾಳೆ ಹೇಳಿದರಾಯಿತು ಅಂದುಕೊಂಡಳು, ಅಷ್ಟರಲ್ಲಿ ವಕೀಲಮ್ಮ ಸಿಕ್ಕಿದರು. ವಕೀಲಮ್ಮನ ಕಪ್ಪು ಕೋಟಿಗೂ ಅವಳೇ ರಫು ಹಾಕಿದ್ದು, ಪರಿಚಯ ಆದದ್ದೇ ಹಾಗೆ, ಕೋಟು ಕೊಡುತ್ತಾ ಕಥೆ ಹೇಳಿಕೊಂಡಿದ್ದಳು, ವಕೀಲಮ್ಮ ಕೋಟು ಹಾಕಿಕೊಳ್ಳದೆ ಸ್ಟೂಲಿನ ಮೇಲೆ ಕೂತುಬಿಟ್ಟರು, ಅಲ್ಲ ಕಣ್ರೀ, ಕಾಯ್ತಾ ಕೂತ್ಕೊಳ್ಳಿ ಅಂತ ಯಾವ ಕಾನೂನಿನಲ್ಲೂ ಬರೆದಿಲ್ಲ. ಮೊದಲು ಒಂದು ಅರ್ಜಿ ಹಾಕಿದರು, ಅವನು ಇವರ ಮನೆಯ ಹತ್ತಿರ ಸುಳಿಯಬಾರದು, ಫೋನು ಮಾಡಬಾರದು ಎಂದು, ಅದಕ್ಕೆ ತನಿಖೆ ಮುಗಿಯುವವರೆಗೆ ಕಾಯಬೇಕಾಗಿಲ್ಲವಂತೆ, ಬೇಗ ಸಿಕ್ಕಿತು, ಈಗ ಅವನ ಬದಲು ಅವನ ಅಮ್ಮ ಫೋನು ಮಾಡುತ್ತಾಳೆ. ಇನ್ನೊಂದು ಇದು, ಇವತ್ತಿನದು, ಪೊಲೀಸರು ತನಿಖೆ ಮಾಡುತ್ತಿಲ್ಲ, ಎಲ್ಲಿಗೆ ಬಂತು ಅಂತ ವರದಿ ತರಿಸಿ, ಗಡುವು ಹಾಕಿ, ಎಂದು ನ್ಯಾಯಾಧೀಶರನ್ನೇ ಕೇಳುವುದು. ಕೋರ್ಟೇ ತನಿಖೆ ಮಾಡುತ್ತಾ ಹಾಗಾದ್ರೆ, ಎಂದಿದ್ದಳು. ಇಲ್ಲಮ್ಮ, ತನಿಖೆ ಅವರೇ ಮಾಡ್ಬೇಕು, ಕೋರ್ಟು ಅವರ ಬೆನ್ನ ಹಿಂದೆ ನಿಂತ್ಕೊಂಡು ಕೆಮ್ಮುತ್ತೆ. ಕೆಮ್ಮಿದ್ರೂ ಕೇಳಿಸ್ಲಿಲ್ಲ ಅಂದ್ರೆ. ಮೇಲಿನ ಕೋರ್ಟಿಗೆ ಹೋಗಿ ಅಲ್ಲಿ ಇನ್ನೂ ಜೋರಾಗಿ ಕೆಮ್ಮಿಸೋಣ ಬಿಡಿ. ಕೋರ್ಟು ಕೆಮ್ಮಿತು, ವರದಿ ಕೊಡಿ ಎಂದರು, ಬರಲಿಲ್ಲ, ಮತ್ತೆ ಎಂದರು, ಎರಡು ಸಾಲು ಬಂತು, ತನಿಖೆ ಪ್ರಗತಿಯಲ್ಲಿದೆ, ವಕೀಲಮ್ಮ ಅದನ್ನು ಓದಿ, ಪ್ರಗತಿ ಅಂತೆ, ಆಮೆ ನೋಡಿದ್ರೆ ನಾಚಿಕೊಳ್ಳುತ್ತೆ, ಎಂದರು, ಇನ್ನೊಂದು ದಿನ ಸಾಹೇಬರೇ ಖುದ್ದು ಬರಬೇಕು ಎಂದು ಆದೇಶವಾಯಿತು. ಆ ದಿನ ಇವತ್ತು. ನೋಡಿ, ಕೋಟನ್ನ ತಗೊಂಡು ಬನ್ನಿ, ಎಂದು ನಿನ್ನೆ ಫೋನಿನಲ್ಲಿ ವಕೀಲಮ್ಮ, ಕೊಡ್ಲಿಲ್ಲ ಅಂತ ಪೊಲೀಸರು ಬಾಯಿ ಬಿಡ್ಲಿ, ಆಗ ತೆಗೆದು ಇಡೋಣ, ಆ ಹರಕು ಒಂದು ಸಲ ನ್ಯಾಯಾಧೀಶರ ಕಣ್ಣಿಗೆ ಬೀಳ್ಲಿ ಸಾಕು. ಹೂಂ ಅಂದಳು. ಹೂಂ ಅಂದ ಬಾಯಿಗೆ ಬೀಗ ಹಾಕಬೇಕಿತ್ತು.

ನಿನ್ನೆ ಸಂಜೆ ಅಂಗಡಿಯ ಶಟರು ಅರ್ಧಕ್ಕೆ ಇಳಿಸಿ ಕೂತಿದ್ದಳು. ಬಿಚ್ಚಿಬಿಟ್ಟರೆ. ಎಲ್ಲಿ ಶುರು ಮಾಡಿದ್ದಳೋ ಅಲ್ಲಿ ಸೂಜಿಮೊನೆ ತೂರಿಸಿ ಒಂದೆಳೆ ಎತ್ತಿದರೆ ಸಾಕು, ಒಂದರ ಹಿಂದೆ ಒಂದು, ಕೋಟು ಮತ್ತೆ ಬಾಯಿ ಬಿಡುತ್ತದೆ, ಯಾರಿಗೆ ಗೊತ್ತಾಗಬೇಕು, ಹುಡುಕಿ ಸ್ವಾಮಿ ಸಿಕ್ಕಿದ್ರೆ ಕೂಲಿ ಬೇಡ. ಸೂಜಿ ತೂರಿಸಿದಳು ಕೂಡ. ಆದರೆ ಇನ್ನು ಆಗುವ ಹರಕು ಅವನು ಹರಿದದ್ದಲ್ಲ, ತಾನು ಹರಿದದ್ದು, ತಂಗಿ ಅದನ್ನು ಕೈಯಲ್ಲಿ ಹಿಡಿದು ಇದೇ ಎಂದು ಆಣೆ ಮಾಡಬೇಕು, ನಿಜ ಹೇಳುವವಳ ಕೈಗೆ ಸುಳ್ಳಿನ ಬಟ್ಟೆ ಕೊಟ್ಟ ಹಾಗೆ, ಸೂಜಿ ತೆಗೆದಳು, ಮತ್ತೆ ತೂರಿಸಿದಳು, ತೆಗೆದಳು, ಶಟರಿನಡಿ ಯಾರದೋ ಕಾಲು ನಿಂತು, ಅಕ್ಕಾವ್ರೆ ನನ್ನ ಪ್ಯಾಂಟು ಆಯ್ತಾ, ಆಗಿಲ್ಲಪ್ಪ, ಬರೀ ನಾಳೆ ನಾಳೆ ಅಂತೀರಲ್ಲ ಅಕ್ಕಾವ್ರೆ, ನಾಳೆ ಬಾ. ತಾನೂ ಬರ್ತೀವಿ ಸಾಹೇಬನೇ. ಕೋಟನ್ನು ಮಡಿಸಿ ಚೀಲಕ್ಕೆ ಹಾಕಿದಳು.

ಅವನೂ ಬಂದಿದ್ದಾನೆ, ತಂಗಿಯ ಗಂಡ. ಕೊನೆಯ ಬೆಂಚಿನಲ್ಲಿ, ಎದೆಯ ಜೇಬಿನಲ್ಲಿ ಎರಡು ಪೆನ್ನು, ಇಸ್ತ್ರಿ ಮಾಡಿದ ಅಂಗಿ, ಪಕ್ಕದ ಮುದುಕಪ್ಪ ಕೆಮ್ಮಿದರೆ ಏನೋ ಮಾತ್ರೆಯ ಹೆಸರು ಹೇಳುತ್ತಿದ್ದಾನೆ, ಊಟ ಆದ್ಮೇಲೆ ತಗೊಳ್ಳಿ ಅಜ್ಜ, ಬರೀ ಹೊಟ್ಟೆಗೆ ಬೇಡ, ಎಂಥ ಮೆತ್ತನೆಯ ಬೆರಳು, ಬಿಳಿಯ ಉಗುರು, ಆ ಬೆರಳಿನಿಂದಲೇ ಮುಲಾಮು ಸವರಿ ಸವರಿ, ನಾಳೆ ಗುರುತೂ ಇರಲ್ಲ — ಅವಳ ಕಣ್ಣು ತನ್ನ ಬೆರಳಿಗೆ ಇಳಿಯಿತು, ಸೂಜಿ ಚುಚ್ಚಿ ಚುಚ್ಚಿ ಗಟ್ಟಿಯಾದ ತುದಿ, ಗುರುತೂ ಇರಲ್ಲ, ಇಬ್ಬರದೂ ಒಂದೇ ಕೆಲಸ, ಅವನು ತೋಳಿನ ಮೇಲಿನದು ಅಳಿಸಿದ, ಅವಳು ಕೋಟಿನ ಮೇಲಿನದು, ಅವನು ಮಾಡಿ ಅಳಿಸಿದ, ಅವಳು ಮಾಡದೆ ಅಳಿಸಿದಳು, ಅವನು ಹೆದರಿಕೊಂಡು ಅಳಿಸಿದ, ಅವಳು — ಅವಳು ಪ್ರೀತಿಯಿಂದ, ಪ್ರೀತಿಯಿಂದ ಅಂತ ಕೋರ್ಟಿನಲ್ಲಿ ಬರೆದುಕೊಳ್ಳುತ್ತಾರೆಯೇ, ತಂಗಿಯ ಭುಜ ಇವಳ ಭುಜಕ್ಕೆ ತಾಗುತ್ತಿದೆ, ಬಿಸಿ, ಪುಟ್ಟೀ, ಒಂದ್ಮಾತು ಹೇಳ್ಬೇಕು, ಎಂದಳು ಕೊನೆಗೂ, ಏನಕ್ಕ, ಆ ಕೋಟು, ಅಷ್ಟರಲ್ಲಿ ಇರುವೆಗಳ ಸಾಲು ಮುರಿಯಿತು, ಗುಮಾಸ್ತ ಕೂಗಿದ, ವಕೀಲಮ್ಮ ತಿರುಗಿ ಕೈ ಸನ್ನೆ ಮಾಡಿದರು, ಬನ್ನಿ ಬನ್ನಿ.

ಸಾಹೇಬರು ಟೋಪಿ ಕಂಕುಳಲ್ಲಿಟ್ಟುಕೊಂಡು ನಿಂತಿದ್ದಾರೆ, ಒಂದು ಗುಂಡಿ ಸಡಿಲ, ಇವತ್ತೋ ನಾಳೆಯೋ ಬೀಳುತ್ತದೆ. ನ್ಯಾಯಾಧೀಶರು ಸಣ್ಣ ಆಳು, ನೆಗಡಿಯಾಗಿದೆ, ಕರವಸ್ತ್ರದೊಳಗಿಂದ ಮಾತಾಡುತ್ತಾರೆ, ಇಷ್ಟು ಕಾಲ ಏನು ಮಾಡಿದ್ರಿ ಹೇಳಿ. ಸ್ವಾಮಿ, ಕೋಟು ಹರಿದಿದೆ ಅಂತ ದೂರಿನಲ್ಲಿ ಇದೆ, ಆದ್ರೆ ಅವರು ಇದುವರೆಗೂ ಹಾಜರುಪಡಿಸಿಲ್ಲ. ವಕೀಲಮ್ಮನಿಗೆ ಬೇಕಾದದ್ದು ಅದೇ, ಠಾಣೆಗೆ ಒಯ್ದಿದ್ರು ಸ್ವಾಮಿ, ಮನೇಲಿ ಇಟ್ಟಿರಿ ಬರ್ತೀವಿ ಅಂತ ಇವರೇ ವಾಪಸ್ ಕಳಿಸಿದ್ರು, ಈಗ್ಲೂ ಇಲ್ಲೇ ಇದೆ, ತಂದಿದ್ದಾರೆ, ಕೊಡೀಮ್ಮ. ಚೀಲದ ಬಾಯಿ ಬಿಚ್ಚಲು ಬರುತ್ತಿಲ್ಲ, ಎಷ್ಟು ಸುತ್ತು ತಿರುಚಿದ್ದಾಳೆ, ಕೋಟು ಗುಮಾಸ್ತನ ಕೈಯಿಂದ ಮೇಲೆ ಹೋಯಿತು, ನ್ಯಾಯಾಧೀಶರು ಎಡತೋಳು ಹಿಡಿದು ಬೆಳಕಿಗೆ ತಿರುಗಿಸಿದರು, ಬಲತೋಳನ್ನೂ, ಮತ್ತೆ ಎಡತೋಳು. ಎಲ್ಲಿ ಹರಿದಿದೆಯಮ್ಮ. ವಕೀಲಮ್ಮನ ಮುಖ ಇವಳ ಕಡೆ ತಿರುಗಿತು, ಹಿಂದಿನ ಬೆಂಚಿನಲ್ಲಿ ಯಾರೋ ಗಂಟಲು ಸರಿಮಾಡಿಕೊಂಡರು, ಸಾಹೇಬರು ಟೋಪಿಯನ್ನು ಈ ಕಂಕುಳಿಂದ ಆ ಕಂಕುಳಿಗೆ ಬದಲಾಯಿಸಿದರು, ತಂಗಿಯ ಕಡೆ ನೋಡಬಾರದು, ನೋಡಿದಳು, ತಂಗಿ ಕೋಟನ್ನು ನೋಡುತ್ತಿದ್ದಾಳೆ, ತನ್ನ ಮಾತು ತನ್ನ ಕಣ್ಣೆದುರಿಗೇ ಸುಳ್ಳಾಗುವುದನ್ನು ನೋಡುವವರ ಮುಖ ಹಾಗಿರುತ್ತದೆ. ಹರಿದಿತ್ತು ಸ್ವಾಮಿ, ಎಂದಿತು ಅವಳ ಬಾಯಿ, ನಾನೇ ಮುಚ್ಚಿದೆ, ರಫು ನನ್ನ ಕಸುಬು, ಬರ್ತೀವಿ ಬರ್ತೀವಿ ಅಂದ್ರು, ಬರ್ಲಿಲ್ಲ, ಚಳಿಗಾಲವೇ ಹೋಯ್ತು, ಹರಿದದ್ದು ಕಣ್ಣೆದುರಿಗೆ ಬಿದ್ದಿದ್ರೆ ನನ್ನ ಕೈ ಸುಮ್ನಿರಲ್ಲ, ಇವಳಿಗೂ ಹೇಳಿಲ್ಲ, ವಕೀಲಮ್ಮಂಗೂ ಹೇಳಿಲ್ಲ, ನನ್ನ ತಂಗಿ ಸುಳ್ಳು ಹೇಳ್ಲಿಲ್ಲ ಸ್ವಾಮಿ, ಕೋಟು ಸುಳ್ಳು ಹೇಳ್ತಿದೆ, ಹೇಳಿಸಿದ್ದು ನಾನು.

ನ್ಯಾಯಾಧೀಶರು ಮೂಗು ಒರೆಸಿಕೊಂಡು ಸಾಹೇಬರ ಕಡೆ ತಿರುಗಿದರು, ಆವತ್ತೇ ನೀವು ತಗೊಂಡಿದ್ರೆ ಈಯಮ್ಮನ ಕೈಗೆ ಸೂಜಿ ಬರ್ತಿತ್ತೇನ್ರೀ. ಸಾಹೇಬರು ಏನೋ ಅಂದರು, ಬಂದೋಬಸ್ತು ಎಂಬ ಮಾತು ಕೇಳಿಸಿತು. ಎಲ್ಲಿತ್ತು ತೋರಿಸಿಯಮ್ಮ ಹಾಗಾದ್ರೆ, ಕೋಟು ಕೆಳಗೆ ಬಂದು ಮೇಜಿನ ಮೇಲೆ ಹರಡಿಕೊಂಡಿತು, ಅವಳು ಹೆಬ್ಬೆರಳನ್ನು ತೋಳಿನ ಮೇಲೆ ಎಳೆದಳು, ಇಲ್ಲೇ, ಅಲ್ಲ, ಸ್ವಲ್ಪ ಮೇಲೆ, ನೂರು ಕೋಟಿನಲ್ಲಿ ತನ್ನ ಕೈಯ ಕೆಲಸ ಕಣ್ಣು ಮುಚ್ಚಿ ಹುಡುಕುವವಳು, ಬಟ್ಟೆ ನುಣ್ಣಗೆ, ಎಲ್ಲಾ ಕಡೆ ನುಣ್ಣಗೆ, ಕಣ್ಣಿಗೆ ನೀರು ಬಂದು ಬೂದುಬಣ್ಣವೆಲ್ಲ ಒಂದಾಯಿತು, ಹುಡುಕಿ ಸ್ವಾಮಿ, ಹುಡುಕಿ, ಸಿಕ್ಕುತ್ತಿಲ್ಲ ಅಪ್ಪ, ನನಗೇ ಸಿಕ್ಕುತ್ತಿಲ್ಲ — ಆಗ ಪಕ್ಕದಿಂದ ಒಂದು ಕೈ ಬಂತು. ತಂಗಿ. ಅಕ್ಕನ ಮುಖ ನೋಡಲಿಲ್ಲ, ಕೋಟನ್ನೂ ನೋಡಲಿಲ್ಲ, ನೇರವಾಗಿ ನ್ಯಾಯಾಧೀಶರನ್ನು ನೋಡುತ್ತ, ಎಡಗೈಯನ್ನು ಮೈಗೆ ಒತ್ತಿಕೊಂಡು, ಬಲಗೈಯ ತೋರುಬೆರಳನ್ನು ಕೋಟಿನ ತೋಳಿನ ಮೇಲೆ ಇಟ್ಟಳು, ಇಲ್ಲಿ, ಎಂದಳು, ಬೆರಳು ಮೇಲಿಂದ ಕೆಳಗೆ ಬಂತು, ನಿಂತಿತು, ಅಡ್ಡಕ್ಕೆ ತಿರುಗಿತು, ಇಲ್ಲೀವರೆಗೆ. ಸರಿಯಾಗಿತ್ತು. ಒಂದೆಳೆ ಆಚೆ ಇಲ್ಲ, ಒಂದೆಳೆ ಈಚೆ ಇಲ್ಲ. ಮೇಲೆ ನೆಗಡಿಯ ದನಿ ಹೇಳಿ ಬರೆಸುತ್ತಿದೆ, ಕೋಟನ್ನು ಇವತ್ತೇ, ಇಲ್ಲಿಂದ ಹೊರಡುವ ಮುಂಚೆ ವಶಕ್ಕೆ, ಪರೀಕ್ಷೆಗೆ ಕಳಿಸಿ, ಅಕ್ಕ ತಂಗಿ ಇಬ್ಬರ ಹೇಳಿಕೆಯನ್ನೂ, ಒಂದು ತಿಂಗಳೊಳಗೆ ಮುಗಿಸಿ, ಮುಗಿಯದಿದ್ದರೆ ನೀವೇ ಬಂದು ಇಲ್ಲಿ, ಸಾಹೇಬರು ಆಗ್ಲಿ ಸ್ವಾಮಿ, ವಕೀಲಮ್ಮನ ಕೈ ಅವಳ ಬೆನ್ನ ಮೇಲೆ ಬಂತು, ಹೊಡೆಯುವುದಕ್ಕೋ ಸವರುವುದಕ್ಕೋ, ಹಿಂದಿನ ಬೆಂಚು ಕಿರುಗುಟ್ಟಿತು, ಯಾರೋ ಎದ್ದು ಹೋದರು, ಯಾರೆಂದು ಅವಳು ತಿರುಗಿ ನೋಡಲಿಲ್ಲ, ತಂಗಿ ಮಾತಾಡುತ್ತಾಳೋ ಇಲ್ಲವೋ, ಬಸ್ಸಿನಲ್ಲಿ ಪಕ್ಕದಲ್ಲಿ ಕೂರುತ್ತಾಳೋ ಇಲ್ಲವೋ, ಮನೆಗೆ ಬರುತ್ತಾಳೋ, ಗೊತ್ತಿಲ್ಲ, ಆ ಬೆರಳು ಇನ್ನೂ ಅಲ್ಲೇ ಇದೆ, ತೆಗೆದಿಲ್ಲ, ಗುರುತಿಲ್ಲದ ಬಟ್ಟೆಯ ಮೇಲೆ, ಮೇಲಿಂದ ಕೆಳಗೆ, ಅಡ್ಡಕ್ಕೆ ತಿರುಗಿ, ಉಗುರು ಬೆಳ್ಳಗಾಗುವಷ್ಟು ಒತ್ತಿಕೊಂಡು, ಅಲ್ಲೇ, ಹರಿದಿದ್ದ ಜಾಗದಲ್ಲಿ, ಆ ಬೆರಳು.